ಅಳತೆಗೆ ಪೊಲೀಸ್ ಬಂದರೆ ಅವತ್ತೇ ಬೇಲಿ ಹಾಕಬಹುದಾ?

ಪ್ರಶ್ನೆ: ಸರ್, ಸಕಲೇಶಪುರದ ಹತ್ತಿರ ನಮ್ಮದು ಕಾಫಿ ತೋಟ. ಪಕ್ಕದವರು ನಮ್ಮ ಕಡೆಗೆ ಒತ್ತಿಕೊಂಡು ಬಂದಿದ್ದಾರೆ. ಸರ್ವೆಯವರು ಬಂದರೆ ಜಗಳ ತೆಗೆದು ವಾಪಸ್ ಕಳಿಸುತ್ತಾರೆ. ಪೊಲೀಸ್ ರಕ್ಷಣೆಯಲ್ಲಿ ಅಳತೆ ಮಾಡಿಸಿ ಅವತ್ತೇ ಬೇಲಿ ಹಾಕಬಹುದಾ?

ಅಳತೆ ಮಾಡಿಸಬಹುದು. ಬೇಲಿ ಮಾತ್ರ ಬೇಡ. ಎಷ್ಟು ಸಲ ಬರೆದರೂ ಮೂಡಿಗೆರೆಯಿಂದಲೋ ಆಲೂರಿನಿಂದಲೋ ಮತ್ತೆ ಇದೇ ಪ್ರಶ್ನೆ ಬರುತ್ತದೆ, ಊರಿನ ಹೆಸರು ಮಾತ್ರ ಬೇರೆ.

ಮೊದಲು ದಾರಿ ಹೇಳಿಬಿಡುತ್ತೇನೆ. ಸೀದಾ ಸ್ಟೇಷನ್‌ಗೆ ಹೋದರೆ 'ಇದು ಸಿವಿಲ್ ಮ್ಯಾಟರ್' ಅಂತ ಕಳಿಸುತ್ತಾರೆ. ನೀವು ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಿಕೊಡಲು, ಅರ್ಜಿ ಕೊಟ್ಟಿದ್ದೀರಿ, ಅಕ್ಕಪಕ್ಕದವರಿಗೆ ನೋಟಿಸ್ ಹೋಗಿದೆ, ಭೂಮಾಪಕರು ಬಂದಾಗ ಅಡ್ಡಿ ಮಾಡಿದ್ದಾರೆ, ಅಲ್ವಾ? ಅದನ್ನು ಸ್ಥಳದಲ್ಲೇ ಮಹಜರು ಬರೆಯಲು ಭೂಮಾಪಕರನ್ನೇ ಕೇಳಿ. ಅವರು ಸುಮ್ನೆ ಬೈಕ್ ಹತ್ತಿ ಹೊರಟುಬಿಟ್ಟರೆ ಅಡ್ಡಿಯಾಯಿತು ಅನ್ನೋದಕ್ಕೆ ನಿಮ್ಮ ಹತ್ತಿರ ಏನೂ ಉಳಿಯುವುದಿಲ್ಲ. ಆ ಕಾಗದ ಇಟ್ಟು ತಾಲ್ಲೂಕಿನ ಎಡಿಎಲ್‌ಆರ್ (ಭೂದಾಖಲೆಗಳ ಸಹಾಯಕ ನಿರ್ದೇಶಕರು) ಕಚೇರಿಗೆ ಬಂದೋಬಸ್ತ್ ಬೇಕೆಂದು ಅರ್ಜಿ ಕೊಡಿ. ಸ್ಟೇಷನ್‌ಗೆ ಪತ್ರ ಅಲ್ಲಿಂದ ಹೋಗಬೇಕು. ಈಗಾಗಲೇ ಕೇಸ್ ನಡೆಯುತ್ತಿದ್ದರೆ ವಕೀಲರ ಮೂಲಕ ಅದೇ ಕೋರ್ಟಿನಲ್ಲಿ ಕೇಳಿ.

ಈಗ ಆ ಹಠಮಾರಿ ನಂಬಿಕೆಗೆ ಬರೋಣ: 'ಪೊಲೀಸರ ಎದುರಿಗೆ ಕಲ್ಲು ಹಾಕಿದರೆ ಜಾಗ ನಮ್ಮ ಕೈಗೆ ಬಂದ ಹಾಗೆ.' ಇಲ್ಲ ಸ್ವಾಮಿ. ಬೇಲೂರಿನ ತೇರಿನ ದಿನವೂ ಪೊಲೀಸರು ನಿಂತಿರುತ್ತಾರೆ, ಹಾಗಂತ ಪೂಜೆ ಮಾಡೋದು ಅವರಾ? ಅವರು ಬರೋದು ಹೊಡೆದಾಟ ಆಗದಿರಲಿ ಅಂತ, ಭೂಮಾಪಕರ ಕೆಲಸ ನಿಲ್ಲದಿರಲಿ ಅಂತ. ಗಡಿ ಎಲ್ಲಿ ಅಂತ ಹೇಳುವ ಅಧಿಕಾರ ಪಿಎಸ್‌ಐಗೆ ಇಲ್ಲ. ಭೂಮಾಪಕರೂ ಟಿಪ್ಪಣಿ (ಹಳೆಯ ಅಳತೆಯ ದಾಖಲೆ) ನೋಡಿ ಗಡಿ ತೋರಿಸುತ್ತಾರೆ, ನಕ್ಷೆ ಕೊಡುತ್ತಾರೆ, ಅಷ್ಟೇ. ಗಡಿಯಾಚೆ ಕಾಫಿ ಕುಯ್ಯುತ್ತಾ ಇರುವವರನ್ನು ಎಬ್ಬಿಸುವ ಕೆಲಸ ಅವರದಲ್ಲ, ಅದು ಸಿವಿಲ್ ಕೋರ್ಟಿನದು.

ನೀವು ಅವತ್ತೇ ಆಳು ಕರೆಸಿ ಅವರ ಗಿಡ ಕಿತ್ತು ತಂತಿ ಎಳೆದಿರಿ ಅನ್ನಿ. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಂ ಹಿಡಿದು ಅವರು 6 ತಿಂಗಳೊಳಗೆ ದಾವೆ ಹಾಕಬಹುದು, ಅಲ್ಲಿ ಜಾಗ ಯಾರದು ಅನ್ನುವ ಪ್ರಶ್ನೆಯೇ ಬರುವುದಿಲ್ಲ, ಯಾರ ಸ್ವಾಧೀನದಲ್ಲಿತ್ತು, ಕಾನೂನು ಬಿಟ್ಟು ಯಾರು ಎಬ್ಬಿಸಿದರು, ಇಷ್ಟೇ. ಅಂದರೆ ಜಾಗ ನಿಮ್ಮದೇ ಆಗಿದ್ದೂ ಸೋಲುತ್ತೀರಿ, ಮೇಲೆ ಗಿಡ ಕಿತ್ತ ಕ್ರಿಮಿನಲ್ ಕೇಸ್ ಬೇರೆ. ಅದರ ಬದಲು ಆ ಅಳತೆ ನಕ್ಷೆಯನ್ನೇ ಹಿಡಿದು ಸ್ವಾಧೀನಕ್ಕೆ ದಾವೆ ಹಾಕಿ. ತಡ ಮಾಡಬೇಡಿ. 12 ವರ್ಷ ತಮ್ಮದೇ ಜಾಗ ಅಂತ ರಾಜಾರೋಷವಾಗಿ ಅನುಭವಿಸಿಬಿಟ್ಟರೆ ಅವರಿಗೂ ಒಂದು ವಾದ ಸಿಗುತ್ತದೆ.

ಯಾರೂ ಕೇಳಲಿಲ್ಲ, ಆದರೂ ಒಂದು ಹೇಳಬೇಕು. ಬಂದೋಬಸ್ತಿಗೆ ಓಡಾಡುವ ಮೊದಲು ನಿಮ್ಮ ಪಹಣಿ ತೆಗೆದು ನೋಡಿ. ಒಂದೇ ನಂಬರಿನಲ್ಲಿ ಅಣ್ಣ, ತಮ್ಮ, ಚಿಕ್ಕಪ್ಪನ ಮಕ್ಕಳು ಎಲ್ಲರ ಹೆಸರೂ ಒಟ್ಟಿಗೆ ಇದೆಯಾ? ಹಾಗಿದ್ದರೆ ಪೋಡಿ ಆಗಿಲ್ಲ, ಅಂದರೆ ಒಬ್ಬೊಬ್ಬರ ಭಾಗ ಅಳೆದು ಬೇರೆ ಮಾಡಿಲ್ಲ. ಇಡೀ ಸರ್ವೆ ನಂಬರಿನ ಗಡಿ ದಾಖಲೆಯಲ್ಲಿ ಇರುತ್ತದೆ, ನಿಮ್ಮ ಭಾಗದ ಗಡಿ ಇರುವುದಿಲ್ಲ. ಇಲ್ಲದ ಗೆರೆಯನ್ನು ಯಾವ ಬಂದೋಬಸ್ತಿನಲ್ಲಿ ಅಳೆದು ತೋರಿಸುತ್ತಾರೆ? ಇನ್ನು ಪಹಣಿಯಲ್ಲಿ 2 ಎಕರೆ 10 ಗುಂಟೆ ಇದ್ದು ಅಳತೆಗೆ 2 ಎಕರೆ 4 ಗುಂಟೆ ಸಿಕ್ಕಿತು ಅಂದ ತಕ್ಷಣ ಉಳಿದ 6 ಗುಂಟೆ ಪಕ್ಕದವರೇ ನುಂಗಿದರು ಅನ್ನಬೇಡಿ. ಆಕಾರಬಂದ್ (ಸರ್ವೆ ಇಲಾಖೆಯ ವಿಸ್ತೀರ್ಣದ ದಾಖಲೆ) ನೋಡಿ, ಖರಾಬು, ಅಂದರೆ ಸಾಗುವಳಿಗೆ ಬಾರದ ಜಾಗ, ಎಷ್ಟಿದೆ ನೋಡಿ. ಹಳ್ಳವೋ ದಾರಿಯೋ ಅದರೊಳಗೆ ಹೋಗಿರಬಹುದು, ಅಥವಾ ಪಹಣಿ ಬರೆಯುವಾಗಲೇ ಜಾಸ್ತಿ ಬಿದ್ದಿರಬಹುದು.

ಮತ್ತೆ, ಅಳತೆಗೆ ದಿನ ಕೇಳುವಾಗ ಮಳೆಗಾಲ ಬಿಟ್ಟು ಕೇಳಿ. ಜುಲೈ ತಿಂಗಳ ಸಕಲೇಶಪುರದ ಮಳೆಯಲ್ಲಿ, ಲಂಟಾನದ ಪೊದೆ ಸವರದೆ, ಸಿಲ್ವರ್ ಓಕ್ ಬುಡದಲ್ಲಿ ಹೂತುಹೋದ ಬಾಂದು ಕಲ್ಲು (ಗಡಿ ಕಲ್ಲು) ಹುಡುಕಿ ಅಂದರೆ ಪಾಪ ಭೂಮಾಪಕರಾದರೂ ಏನು ಮಾಡುತ್ತಾರೆ. ಕಾಫಿ ಕುಯ್ಲು ಮುಗಿದ ಮೇಲೆ, ಆಳು ಹಚ್ಚಿ ಗಡಿ ಸಾಲು ಸವರಿಸಿಟ್ಟು ಕರೆಸಿ.