ಅಡ್ಡಗೋಡೆ ಯಾಕೆ ನೆಟ್ಟಗೆ ನಿಂತಿದೆ?

ಚಿತ್ರದುರ್ಗದಲ್ಲಿ ಮನೆ ಕಟ್ಟುವ ಜಾಗ. ಹೊಸದಾಗಿ ಕೆಲಸಕ್ಕೆ ಸೇರಿದ ಡಿಪ್ಲೊಮಾ ಹುಡುಗ ಕೇಳಿದ: "ಸಾರ್, ಹಾರಿಜಾಂಟಲ್‌ಗೆ ಕನ್ನಡದಲ್ಲಿ ಏನಂತಾರೆ?" ಇಟ್ಟಿಗೆ ಇಡುತ್ತಿದ್ದ ಮೇಸ್ತ್ರಿ ತಲೆ ಎತ್ತದೇ "ಅಡ್ಡ" ಅಂದರು. ಹುಡುಗ ಬರೆದುಕೊಂಡ. ನಾನು ಮೇಸ್ತ್ರಿ ಕಟ್ಟುತ್ತಿದ್ದ ಗೋಡೆ ತೋರಿಸಿದೆ. "ಇದೇನಪ್ಪಾ?" "ಅಡ್ಡಗೋಡೆ ಸಾರ್." "ಮಲಗಿದೆಯಾ ಅದು?" ಮೇಸ್ತ್ರಿಯೇ ಮೊದಲು ನಕ್ಕರು.

ಸರ್ವೆ, ಲೆವೆಲಿಂಗ್ (ನೆಲದ ಏರಿಳಿತ ಅಳೆಯುವ ಕೆಲಸ) ಅಂತ ತಿರುಗುವ ನನಗೆ ಈ ಗೊಂದಲ ಹಳೆಯದು. 'ಅಡ್ಡ' ಅನ್ನುವಾಗ ನಾವು ಭೂಮಿಯನ್ನು ಲೆಕ್ಕಕ್ಕೇ ಇಟ್ಟಿರುವುದಿಲ್ಲ. ನಮ್ಮ ದಾರಿಯೇ ಅಳತೆಗೋಲು. ದಾರಿ ಕತ್ತರಿಸಿದ್ದೆಲ್ಲ ಅಡ್ಡ. ಬೆಕ್ಕು ಅಡ್ಡ ಬರುತ್ತದೆ, ನಿಂತ ಗೋಡೆಯೂ ಅಡ್ಡವಾಗುತ್ತದೆ. ಊಟ ಆದಮೇಲೆ "ಸ್ವಲ್ಪ ಅಡ್ಡಾಗ್ತೀನಿ" ಅಂದಾಗ ಮಾತ್ರ ಈ ಪದ ಹಾರಿಜಾಂಟಲ್ ಹತ್ತಿರ ಬರುತ್ತದೆ!

ಹಾರಿಜಾಂಟಲ್ ಹುಟ್ಟಿದ್ದು ಹಾರಿಜಾನ್‌ನಿಂದ, ಅಂದರೆ ಭೂಮಿ ಬಾನು ಕೂಡಿದಂತೆ ಕಾಣುವ ಗೆರೆಯಿಂದ. ಪಠ್ಯಪುಸ್ತಕದಲ್ಲಿ ಅದಕ್ಕೆ ಕ್ಷಿತಿಜ ಅಂತ ಇದೆ. ಕ್ಷಿತಿ ಅಂದರೆ ಭೂಮಿ, ಕ್ಷಿತಿಜ ಅದರಿಂದ ಹುಟ್ಟಿದ್ದು. ದಿಗಂತ ಅಂದರೆ ದಿಕ್ಕಿನ ಕೊನೆ. ಹಾರಿಜಾನ್ ಗ್ರೀಕ್ ಮೂಲದ್ದು, ಗಡಿ ಹಾಕುವ ಗೆರೆ ಅಂತ ಅರ್ಥ. ಹಾಗಾಗಿ ಅದಕ್ಕೆ ದಿಗಂತವೇ ಹತ್ತಿರದ ನೆಂಟ. ನನಗೆ ಇಷ್ಟ ಮಾತ್ರ ಬಾನಂಚು. ಸೀರೆಗಿದ್ದಂತೆ ಬಾನಿಗೂ ಒಂದು ಅಂಚು.

ಆ ಅಂಚು ಎಷ್ಟು ದೂರ? ಬಯಲಲ್ಲಿ ನಿಂತವರ ಕಣ್ಣು ನೆಲದಿಂದ 1.6 ಮೀಟರ್ ಮೇಲಿದ್ದರೆ, ಸುಮಾರು 4.5 ಕಿಲೋಮೀಟರ್. ಅಷ್ಟೇ! ಸುತ್ತಲಿನ ಬಯಲಿಗಿಂತ 200 ಮೀಟರ್ ಎತ್ತರದ ಗುಡ್ಡ ಹತ್ತಿದರೆ 50 ಕಿಲೋಮೀಟರ್ ದಾಟುತ್ತದೆ. ಕೋಟೆ ಕಟ್ಟಿದವರಿಗೆ ಸೂತ್ರ ಬೇಕಿರಲಿಲ್ಲ, ದಂಡು ಎಲ್ಲಿಂದ ಕಾಣುತ್ತದೆ ಅನ್ನುವುದು ಗೊತ್ತಿದ್ದರೆ ಸಾಕಿತ್ತು. ನಮ್ಮ ಕಡೆಯ ಗಾಳಿಯಂತ್ರಗಳನ್ನು ದೂರದಿಂದ ನೋಡಿ. ಕೆಲವು ಸಲ ರೆಕ್ಕೆ ಮಾತ್ರ ತಿರುಗುತ್ತಿರುತ್ತದೆ, ಕಂಬ ಕಾಣುವುದಿಲ್ಲ. ಇಲ್ಲಿ ಗುಡ್ಡ, ಮರಗಳೇ ಜಾಸ್ತಿ ಮರೆ ಮಾಡುತ್ತವೆ. ಸಮುದ್ರದಲ್ಲಾದರೆ ದೂರದ ಹಡಗಿನ ಬುಡವನ್ನು ನುಂಗುವುದು ಭೂಮಿಯ ಬಾಗೇ.

ಈ ಬಾಗು ನಮ್ಮ ಕೆಲಸಕ್ಕೂ ಕೈ ಹಾಕುತ್ತದೆ. ದಾರಕ್ಕೆ ಕಟ್ಟಿದ ಗುಂಡು ಭೂಮಿಯ ನಡುವಿನ ಕಡೆಗೆ ಇಳಿಯುತ್ತದೆ ಅಲ್ವಾ? ಆ ದಾರಕ್ಕೆ 90 ಡಿಗ್ರಿಯಲ್ಲಿ ಎಳೆದ ಗೆರೆಯೇ ಆ ಜಾಗದ ಹಾರಿಜಾಂಟಲ್. ಜಾಗ ಬದಲಾದರೆ ಗೆರೆಯೂ ಓರೆಯಾಗುತ್ತದೆ. ದುರ್ಗದ ಗುಂಡಿಗೂ ದಾವಣಗೆರೆಯ ಗುಂಡಿಗೂ ಸುಮಾರು ಅರ್ಧ ಡಿಗ್ರಿ ವ್ಯತ್ಯಾಸ. ಹುಣ್ಣಿಮೆ ಚಂದ್ರ ಆಕಾಶದಲ್ಲಿ ಹಿಡಿಯುವ ಅಗಲದಷ್ಟು.

ನೀರಿಗೆ ಈ ನೇರ ಗೆರೆ ಗೊತ್ತಿಲ್ಲ. ಅದು ಭೂಮಿಯ ಜೊತೆ ಬಾಗಿ ನಿಲ್ಲುತ್ತದೆ. ಅದು 'ಮಟ್ಟ'. ಎತ್ತರ ಅಳೆಯಲು ನಾವು ಬಳಸುವ ದುರ್ಬೀನಿನ ಲೆವೆಲ್ ಯಂತ್ರ ನೋಡುವುದು ನೇರ ಗೆರೆಯನ್ನು. ಒಂದು ಕಿಲೋಮೀಟರ್ ಹೋಗುವಷ್ಟರಲ್ಲಿ ಇವೆರಡರ ನಡುವೆ ಸುಮಾರು 8 ಸೆಂಟಿಮೀಟರ್ ಅಂತರ ಬಿದ್ದಿರುತ್ತದೆ. ಗಾಳಿಯಲ್ಲಿ ಬೆಳಕೂ ಬಾಗುವುದರಿಂದ ನಮಗೆ ಸಿಗುವುದು 7ರ ಆಸುಪಾಸು. ಕಿಲೋಮೀಟರಿಗೆ 20 ಸೆಂಟಿಮೀಟರ್ ಮಾತ್ರ ಇಳಿಜಾರಿರುವ ನಾಲೆಗೆ ಇದು ಸಣ್ಣ ತಪ್ಪಲ್ಲ. ಅದಕ್ಕೇ ಯಂತ್ರವನ್ನು ಎರಡು ಸ್ಟಾಫ್‌ಗಳ, ಅಂದರೆ ನಿಲ್ಲಿಸಿದ ಅಳತೆಪಟ್ಟಿಗಳ, ನಡುಮಧ್ಯ ಇಡುತ್ತೇವೆ. ಎರಡೂ ಕಡೆ ಒಂದೇ ತಪ್ಪು, ಕಳೆದರೆ ಸೊನ್ನೆ. ಕೆಲಸ ಕಲಿಯುವಾಗ ಬಿಸಿಲಿಗೆ ಬೇಸತ್ತು ಯಂತ್ರವನ್ನು ನಡುಮಧ್ಯ ಇಡದೆ ಮರದ ನೆರಳಲ್ಲೇ ಇಟ್ಟು ದೂರದ ಸ್ಟಾಫ್ ಓದಿದ್ದೆ. ಮಾರನೇ ದಿನ ಅಷ್ಟನ್ನೂ ಮತ್ತೆ ಅಳೆದೆ.

ಭೂವಿಜ್ಞಾನದವರ ಕಥೆ ಇನ್ನೂ ಮಜಾ. ಕೆಸರು, ಮರಳು ಮೊದಲು ಮಟ್ಟಸವಾಗಿ ಪದರ ಕಟ್ಟುತ್ತವೆ ಎಂದು ಡೆನ್ಮಾರ್ಕಿನ ವಿಜ್ಞಾನಿ ಸ್ಟೆನೊ 1669ರಲ್ಲೇ ಬರೆದ. ನಮ್ಮ ಜಿಲ್ಲೆಯ ಎಷ್ಟೋ ಕಲ್ಲಿನ ಪದರಗಳು ಈಗ ಕಡಿದಾಗಿ ಎದ್ದು ನಿಂತಿವೆ. ಆದರೂ ಅವು ಎಷ್ಟು ವಾಲಿವೆ ಎಂದು ಅಳೆಯುವುದು ಅದೇ ಹಾರಿಜಾಂಟಲ್‌ನಿಂದ.

"ಹಂಗಾದ್ರೆ ಏನು ಬರೀಲಿ ಸಾರ್?" ಹುಡುಗ ಪೆನ್ನು ಹಿಡಿದೇ ಇದ್ದ. ನೀರು ತುಂಬಿದ ಪೈಪನ್ನು ಎರಡು ಮೂಲೆಗೆ ಹಿಡಿಸುತ್ತಾ ಮೇಸ್ತ್ರಿ, "ಮಟ್ಟ ಅಂತ ಬರಿ" ಅಂದರು. ನಾನು ಬೇಡ ಅನ್ನಲಿಲ್ಲ. 20 ಮೀಟರ್ ಮನೆಯಲ್ಲಿ ಮಟ್ಟಕ್ಕೂ ನೇರ ಗೆರೆಗೂ ಇರುವ ಅಂತರ ಕೂದಲಿಗಿಂತ ತೆಳು.