ಗರಗರ ಸದ್ದಿಗೂ ಲಾಸ್‌ಲೆಸ್ ಬೇಕಾ?

ಏನನ್ನೂ ಕಳೆಯದೆ ಸದ್ದನ್ನು ಉಳಿಸುವ ಲಾಸ್‌ಲೆಸ್ ಫೈಲಿನಲ್ಲಿ ಹಾಡು ಜಾಸ್ತಿ ಚೆನ್ನಾಗಿ ಕೇಳಿಸುತ್ತದೆ ಅಂತ ಬಹಳ ಜನ ನಂಬಿದ್ದಾರೆ. ಸುಮ್ನೆ ಮಾತು. ಯಾವುದು ಯಾವುದೆಂದು ಹೇಳದೆ ಕೇಳಿಸಿದರೆ, 320 ಕೆಬಿಪಿಎಸ್ (ಸೆಕೆಂಡಿಗೆ 320 ಸಾವಿರ ಬಿಟ್) ಎಂಪಿ3ಗೂ ಸಿಡಿಗೂ ಇರುವ ವ್ಯತ್ಯಾಸ ಹೆಚ್ಚಿನವರಿಗೆ ಗೊತ್ತೇ ಆಗುವುದಿಲ್ಲ. ಹಾಗಿದ್ದೂ ಅಮೆರಿಕದ ಹಳೆಯ ಹಿಪ್‌ಹಾಪ್ ಆಲ್ಬಮ್‌ಗಳ ಫ್ಲ್ಯಾಕ್ (ಒಂದು ಲಾಸ್‌ಲೆಸ್ ಫೈಲ್ ಬಗೆ) ಕಾಪಿಗಾಗಿ ಸಂಗ್ರಾಹಕರು ಯಾಕಿಷ್ಟು ಪರದಾಡುತ್ತಾರೆ?

ಅದೂ ಆ ಸಂಗೀತ ನುಣುಪಾದ ಸದ್ದಿನದೇನಲ್ಲ. 1987ರಲ್ಲಿ ಬಂದ ಎಸ್‌ಪಿ-1200 ಸ್ಯಾಂಪ್ಲರ್ (ಹಳೆಯ ರೆಕಾರ್ಡುಗಳ ತುಣುಕು, ಅಂದರೆ ಸ್ಯಾಂಪಲ್, ತುಂಬಿಕೊಂಡು ನುಡಿಸುವ ಮೆಷಿನ್) ನ್ಯೂಯಾರ್ಕಿನ ಬೀಟ್ ಕಟ್ಟುವವರಿಗೆ ಅಚ್ಚುಮೆಚ್ಚು. 12 ಬಿಟ್, ಸೆಕೆಂಡಿಗೆ ಸದ್ದಿನ ಸುಮಾರು 26 ಸಾವಿರ ಅಳತೆ, ಒಟ್ಟು ಮೆಮೊರಿ ಬರೀ 10 ಸೆಕೆಂಡು. ಜಾಗ ಉಳಿಸಲು 33ರ ಎಲ್‌ಪಿಯನ್ನು 45ರ ವೇಗದಲ್ಲಿ ಓಡಿಸಿ ತುಂಬಿಕೊಳ್ಳುತ್ತಿದ್ದರು, ಆಮೇಲೆ ಮೆಷಿನ್ನಿನಲ್ಲೇ ನಿಧಾನ ಮಾಡುತ್ತಿದ್ದರು. ಆಗ ಡ್ರಮ್ಮಿಗೆ ಒಂಥರಾ ಗರಗರ ಅಂಟಿಕೊಳ್ಳುತ್ತಿತ್ತು. ಕೇಳುಗರಿಗೆ ಬೇಕಾದದ್ದೂ ಅದೇ.

ಕಿವಿಗೆ ಬೀಳದು ಅನ್ನಿಸಿದ್ದನ್ನೆಲ್ಲ ಎಸೆಯುವುದು ಎಂಪಿ3 ಕೆಲಸ. ಬಿಟ್‌ರೇಟ್ ಇಳಿಸಿದಷ್ಟೂ ಹೈ-ಹ್ಯಾಟ್ ತಾಳದ ಚೂಪು ಸವೆಯುತ್ತದೆ. ಸ್ನೇರ್ ಡ್ರಮ್ಮಿನ ಏಟು ಬೀಳುವ ಮೊದಲೇ ಅದರ ಮಬ್ಬು ಸದ್ದು ಸೋರಿರುತ್ತದೆ.

ಫ್ಲ್ಯಾಕ್ ಏನನ್ನೂ ಎಸೆಯುವುದಿಲ್ಲ, ಊಹಿಸುತ್ತದೆ. ಈ ಉಪಾಯ ನನಗೆ ಭಾರಿ ಇಷ್ಟ. ಹಿಂದಿನ ಅಳತೆಗಳು 100, 110, 120 ಅಂದುಕೊಳ್ಳಿ. ಮುಂದಿನದು 130 ಇರಬೇಕು ಎಂದು ಲೆಕ್ಕ ಹಾಕುತ್ತದೆ. ನಿಜವಾಗಿ ಬಂದದ್ದು 132. ಆಗ ಬರೆದಿಡುವುದು 2 ಮಾತ್ರ. ಸಣ್ಣ ಸಂಖ್ಯೆಗೆ ಸಣ್ಣ ಜಾಗ ಸಾಕಲ್ವಾ? ಹಾಡು ಹಾಕಿದಾಗ ಅದೇ ಊಹೆ ಮಾಡಿ 2 ಕೂಡಿಸಿದರೆ ಮತ್ತೆ 132. ಒಂದು ಬಿಟ್ ಕೂಡ ಆಚೀಚೆ ಆಗುವುದಿಲ್ಲ. ಹಾಗಂತ ಹಳೇ ಎಂಪಿ3ಯನ್ನು ಫ್ಲ್ಯಾಕ್ ಮಾಡಿ ಹಂಚುವವರೂ ಇದ್ದಾರೆ. ಎಂಪಿ3 ಮಾಡುವಾಗ ಹೋದದ್ದು ಹೋಯಿತು, ವಾಪಸ್ ಬರುವುದಿಲ್ಲ. ಸ್ಪೆಕ್ಟ್ರೋಗ್ರಾಮ್ (ಸದ್ದಿನಲ್ಲಿರುವ ಆವರ್ತನಗಳ ಚಿತ್ರ) ತೆಗೆದರೆ 128 ಕೆಬಿಪಿಎಸ್ ಎಂಪಿ3 ಸಾಮಾನ್ಯವಾಗಿ 16 ಕಿಲೋಹರ್ಟ್ಸ್ ಹತ್ತಿರ ಕತ್ತರಿಸಿದ ಹಾಗೆ ನಿಂತಿರುತ್ತದೆ. ಕಳ್ಳತನ ಅಲ್ಲೇ ಬಯಲು.

ಇನ್ನೊಂದು ಕಾರಣ ಕೋರ್ಟಿನದು. 1991ರಲ್ಲಿ ರ್ಯಾಪರ್ ಬಿಜ್ ಮಾರ್ಕಿಯ ಹಾಡಿನ ಮೇಲೆ ತೀರ್ಪು ಬಂದ ಮೇಲೆ ಅನುಮತಿಯಿಲ್ಲದೆ ಸ್ಯಾಂಪಲ್ ಮುಟ್ಟಲು ಕಂಪನಿಗಳು ಹೆದರಿದವು. ಡಿ ಲಾ ಸೋಲ್ ಎಂಬ ಹಿಪ್‌ಹಾಪ್ ತಂಡದ 1989ರ ಮೊದಲ ಆಲ್ಬಮ್ ಸ್ಟ್ರೀಮಿಂಗ್‌ಗೆ ಬಂದದ್ದು 2023ರ ಮಾರ್ಚ್‌ನಲ್ಲಿ! ಹಳೆಯ ಆಲ್ಬಮ್‌ಗಳು ಮತ್ತೆ ಬಿಡುಗಡೆಯಾದಾಗ ಕೆಲವೊಮ್ಮೆ ಸ್ಯಾಂಪಲ್ಲೇ ಬದಲಾಗಿರುತ್ತದೆ. ರೀಮಾಸ್ಟರ್ ಮಾಡುವಾಗ ಎಲ್ಲವನ್ನೂ ಜೋರು ಮಾಡಹೋಗಿ ಡ್ರಮ್ ಏಟಿನ ತಲೆ ಚಪ್ಪಟೆ ಮಾಡಿರುವುದೂ ಉಂಟು.

ಅದಕ್ಕೇ ಸಂಗ್ರಾಹಕರಿಗೆ ಮೊದಲ ಸಿಡಿಯೇ ಬೇಕು. ರಿಪ್ ಮಾಡಿದ (ಸಿಡಿಯ ಹಾಡನ್ನು ಕಂಪ್ಯೂಟರಿಗೆ ಇಳಿಸಿದ) ಮೇಲೆ, ಅದೇ ಸಿಡಿಯನ್ನು ಬೇರೆಯವರು ರಿಪ್ ಮಾಡಿದಾಗ ಬಂದ ಚೆಕ್‌ಸಮ್ (ಫೈಲಿನ ಬಿಟ್‌ಗಳಿಂದ ಲೆಕ್ಕ ಹಾಕಿದ ಗುರುತು ಸಂಖ್ಯೆ) ಜೊತೆ ಅಕ್ಯುರೇಟ್‌ರಿಪ್ ಎಂಬ ಡೇಟಾಬೇಸಿನಲ್ಲಿ ತಾಳೆ ನೋಡುತ್ತಾರೆ. ಕೂಡಿಬರದಿದ್ದರೆ ಸಿಡಿ ಒರೆಸಿ ಮತ್ತೆ ಹಾಕುತ್ತಾರೆ.