ಕೋಮಿಕಾ: ಇಟಲಿಯ ಒಂದು ರೀಲಿನ ಮೂಕಿ ಹಾಸ್ಯ

1909ರಿಂದ ಸುಮಾರು 1915ರವರೆಗೆ ಇಟಲಿಯಲ್ಲಿ ರಾಶಿರಾಶಿಯಾಗಿ ತಯಾರಾದ, ಒಂದೇ ರೀಲಿನಲ್ಲಿ ಮುಗಿಯುವ ಮೂಕಿ ಹಾಸ್ಯಚಿತ್ರವೇ ‘ಕೋಮಿಕಾ’. ಬಹುವಚನದಲ್ಲಿ ‘ಕೋಮಿಕೆ’. ಐದರಿಂದ ಹತ್ತು ನಿಮಿಷದ ಆಟ. ಚಿತ್ರದಿಂದ ಚಿತ್ರಕ್ಕೆ ಅದೇ ಹೆಸರು, ಅದೇ ಪೆದ್ದುತನ ಹೊತ್ತು ಬರುವ ನಾಯಕ ಇದರ ಜೀವಾಳ.

ಹಾದಿ ಹಾಕಿದವನು ಫ್ರಾನ್ಸಿನ ಆಂದ್ರೆ ದೀದ್. ಪಾಥೆ ಕಂಪನಿಯಲ್ಲಿ ‘ಬ್ವಾರೋ’ ಆಗಿದ್ದವನು, 1909ರಲ್ಲಿ ಟ್ಯೂರಿನ್ನಿನ ಇಟಾಲಾ ಫಿಲ್ಮ್‌ನಲ್ಲಿ ‘ಕ್ರೆಟಿನೆಟ್ಟಿ’ ಆದ. ಕಂಪನಿ ಬಿಟ್ಟರೆ ಹೆಸರನ್ನೂ ಬಿಡಬೇಕು! ರೋಮಿನ ಚಿನೆಸ್ ಕಂಪನಿಯಲ್ಲಿ ‘ಟೊಂಟೊಲಿನಿ’ಯಾಗಿ ಮೆರೆದ ಫರ್ಡಿನಾಂಡ್ ಗಿಯೋಮ್, ಪಾಸ್ಕ್ವಾಲಿ ಕಂಪನಿ ಸೇರಿ ‘ಪೊಲಿಡೋರ್’ ಆದ. ಗಂಡಸರ ಈ ಸಂತೆಯಲ್ಲಿ ಚಿನೆಸ್‌ನ ಲೇಆ ಜುಂಕಿ ತನ್ನದೇ ಹೆಸರಿನ ಸರಣಿಯಲ್ಲಿ ನಕ್ಕು ನಗಿಸಿದಳು.

ಹಳೆಯ ಕ್ಯಾಟಲಾಗ್ ಹುಡುಕುವವರಿಗೆ ತಲೆನೋವು ಇಲ್ಲಿಯೇ. ಕ್ರೆಟಿನೆಟ್ಟಿ ಫ್ರಾನ್ಸಿನಲ್ಲಿ ‘ಗ್ರಿಬೂಯ್’, ಇಂಗ್ಲೆಂಡಿನಲ್ಲಿ ‘ಫೂಲ್ಸ್‌ಹೆಡ್’. ಒಂದೇ ಚಿತ್ರವನ್ನು ಎರಡೆಂದು ಎಣಿಸುವುದು ಸುಲಭ.

ಓಟ, ಡಿಕ್ಕಿ, ಪಾತ್ರೆಪಗಡ ಚೂರುಚೂರು ಎಲ್ಲ ಕಡೆಯೂ ಇದೆ. ಕ್ಯಾಮೆರಾದ ಕಣ್ಕಟ್ಟು ದೀದ್‌ನ ಕೈಯಲ್ಲಿ ಹೆಚ್ಚು ರಂಗೇರುತ್ತದೆ. ‘ಕ್ರೆಟಿನೆಟ್ಟಿ ಕೆ ಬೆಲ್ಲೊ’ (1909) ಚಿತ್ರದಲ್ಲಿ ಸಿಂಗರಿಸಿಕೊಂಡು ಹೊರಟವನ ಮೇಲೆ ಮೋಹಗೊಂಡ ಹೆಂಗಸರು ಅಟ್ಟಾಡಿಸಿ ಅವನನ್ನು ಎಳೆದೆಳೆದು ತುಂಡು ಮಾಡುತ್ತಾರೆ. ಅವರು ಹೋದಮೇಲೆ ಕೈಕಾಲುಗಳು ತಾವಾಗಿ ಕೂಡಿಕೊಳ್ಳುತ್ತವೆ. ಇಂಥ ಕಡೆ ಬಳಸುತ್ತಿದ್ದ ಉಪಾಯ ಹೀಗೆ: ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆ ಬಿಗಿಯಾಗಿ ನಿಲ್ಲಿಸಿ, ತಿರುಗಿಸುತ್ತಿದ್ದ ಹಿಡಿಯನ್ನು ತಡೆಯುತ್ತಾರೆ. ಸುತ್ತಲಿನವರು ನಿಂತ ಭಂಗಿಯಲ್ಲೇ ನಿಲ್ಲಬೇಕು. ನಟ ಹೊರಗೆ, ಬೊಂಬೆ ಒಳಗೆ, ಮತ್ತೆ ಚಿತ್ರೀಕರಣ. ಹಿಡಿ ನಿಲ್ಲುವಾಗ, ಹೊರಡುವಾಗ ವೇಗ ಕಡಿಮೆಯಾಗಿ ಕೆಲವು ಫ್ರೇಮ್‌ಗಳಿಗೆ ಬೆಳಕು ಹೆಚ್ಚು ಬೀಳುತ್ತದೆ. ಅವನ್ನು ಕತ್ತರಿಸಿ ಅಂಟಿಸದಿದ್ದರೆ ಬಿಳಿ ಮಿಂಚು ಹೊಡೆದು ಗುಟ್ಟು ಬಯಲಾಗುತ್ತದೆ. ಹಿಂದೆ ನಿಂತವರ ತಲೆ ಗಕ್ಕನೆ ಜಿಗಿದರೂ ಅಷ್ಟೇ.

ಇಂದು ನೋಡುವಾಗ ಎಡವಟ್ಟಾಗುವುದು ವೇಗದಲ್ಲಿ. 35 ಎಂಎಂನ 150 ಮೀಟರ್ ಫಿಲ್ಮಿನಲ್ಲಿ ಸುಮಾರು 7,900 ಫ್ರೇಮ್ ಇರುತ್ತವೆ. ಸೆಕೆಂಡಿಗೆ 16ರಂತೆ ಓಡಿಸಿದರೆ ಎಂಟು ನಿಮಿಷ ಚಿಲ್ಲರೆ. ಟಾಕಿಯ 24ರಲ್ಲಿ ಐದೂವರೆ ನಿಮಿಷಕ್ಕೇ ಖಾಲಿ. ನಟರು ಮೈಮೇಲೆ ಇರುವೆ ಬಿಟ್ಟವರಂತೆ ಕುಣಿಯುತ್ತಾರೆ, ಬೀಳುವ ಮುನ್ನ ದೀದ್ ತೋರಿಸುವ ತಡವರಿಕೆ ಕಣ್ಣಿಗೇ ಬೀಳುವುದಿಲ್ಲ. 16ರಿಂದ ಶುರುಮಾಡಿ, ನಡಿಗೆ ಎಳೆದಂತೆ ಕಂಡರೆ ಮಾತ್ರ 18ಕ್ಕೆ ಏರಿಸಿ.